ಇಡ್ಲಾ ಹಾಗಾದ್ರೆ?

ತಮ್ಮಾ,

ನಿನ್ನ ಪತ್ರ ಓದಿದೆ. ಕಾರವಾರದಿಂದ ಮ್ಯೂನಿಕ್‌ಗೆ ಬಂದು ಮೂರು ತಿಂಗಳಾಯ್ತು, ಕೆಲಸ ಪರವಾಗಿಲ್ಲ, ಚಳಿಯೂ ಅಭ್ಯಾಸ ಆಗ್ತಿದೆ, ಆದರೆ ಎರಡು ಕಡೆ ಮಾತೇ ಹೊರಡೋದಿಲ್ಲ ಅಂದಿದ್ದೀಯ. ಒಂದು, ಫೋನ್ ಇಡುವಾಗ ಅಮ್ಮ ಅಳ್ತಾರೆ. ಇನ್ನೊಂದು, ಆಫೀಸಿನಲ್ಲಿ ಪಕ್ಕದ ಮೇಜಿನವನು ಕೆಲಸ ಬಿಟ್ಟು ಹೋಗ್ತಿದ್ದಾನೆ, ಎಲ್ಲರೂ ಬರೆದು ಸಹಿ ಹಾಕುವ ಕಾರ್ಡು ನಿನ್ನ ಕೈಗೆ ಬಂದಿದೆ. ‘ಅಕ್ಕಾ, ಹದಿನೆಂಟು ವರ್ಷದಿಂದ ಇಲ್ಲಿದ್ದೀರಿ, ನಿಮಗೆ ಗೊತ್ತಿರ್ತದೆ’ ಅಂತ ಬೇರೆ. ಹದಿನೆಂಟು ವರ್ಷದಲ್ಲಿ ನಾನು ಸರಿಯಾಗಿ ಹೇಳಿದ್ದಕ್ಕಿಂತ ತಪ್ಪು ಹೇಳಿದ್ದೇ ಜಾಸ್ತಿ. ಅದನ್ನೇ ಬರೀತೇನೆ.

ಮೊದಲು ಕಾರ್ಡಿನದ್ದು ಮುಗಿಸೋಣ, ಅದು ಸುಲಭ. ನಮ್ಮ ಕಡೆ ಮಾಸ್ತರರಿಗೆ ವರ್ಗವಾದರೆ ಊರವರೇ ಸೇರಿ ಶಾಲು ಹೊದಿಸಿ, ಹಾರ ಹಾಕಿ, ನಾಲ್ಕು ಜನ ಭಾಷಣ ಮಾಡ್ತಾರೆ. ಇಲ್ಲಿ ತಿರುಗುಮುರುಗು. ಬಿಟ್ಟು ಹೋಗುವವನೇ ಕೇಕ್ ತಂದು ಎಲ್ಲರಿಗೂ ಹಂಚಬೇಕು. ಔಸ್‌ಷ್ಟಾಂಡ್ ಅಂತಾರೆ ಅದಕ್ಕೆ. ಉಳಿದವರು ಲಕೋಟೆಗೆ ಐದೋ ಹತ್ತೋ ಯೂರೋ ಹಾಕಿ, ಕಾರ್ಡಿನಲ್ಲಿ ‘ಆಲೆಸ್ ಗೂಟೆ’ ಅಂತ ಗೀಚಿ ಮುಂದೆ ದಾಟಿಸ್ತಾರೆ. ‘ಎಲ್ಲ ಒಳ್ಳೆಯದಾಗಲಿ’ ಅಂತ ಅರ್ಥ. ಇಪ್ಪತ್ತು ಜನ ಅದನ್ನೇ ಬರೆದಿರ್ತಾರೆ. ನೀನು ಅದರ ಕೆಳಗೆ ಅವನು ನಿನಗೆ ಮಾಡಿದ ಒಂದು ಕೆಲಸ ಬರಿ. ಬಂದ ಮೊದಲ ವಾರ ಟಿಕೆಟ್ ಯಂತ್ರದ ಮುಂದೆ ನಿಂತು ತೋರಿಸಿಕೊಟ್ಟ ಅಂದೆಯಲ್ಲ, ಅಷ್ಟೇ ಸಾಕು. ವ್ಯಾಕರಣ ತಪ್ಪಿದರೂ ಅಡ್ಡಿಯಿಲ್ಲ. ಕೆಳಗೆ ಹೆಸರನ್ನ ಕನ್ನಡದಲ್ಲೂ ಬರಿ. ಇಲ್ಲಿಯವರಿಗೆ ನಮ್ಮ ದುಂಡು ಅಕ್ಷರ ಅಂದ್ರೆ ಖುಷಿ.

ಇನ್ನು ಅಮ್ಮನ ವಿಷಯ. ಇದು ನನಗೂ ಪೂರ್ತಿ ಬಗೆಹರಿದದ್ದಲ್ಲ.

ಚಿಕ್ಕವಳಿದ್ದಾಗ ಶಾಲೆಗೆ ಹೊರಡುವಾಗ ‘ಹೋಗ್ತೇನೆ’ ಅಂದ್ರೆ ಅಮ್ಮಮ್ಮ ಒಳಗಿಂದಲೇ ಗದರ್ತಿದ್ದರು, ‘ಹೋಗ್ತೇನೆ ಅನ್ನಬಾರದು, ಬರ್ತೇನೆ ಅನ್ನು.’ ನಿಮ್ಮ ಮನೆಯಲ್ಲಿ ಕೊಂಕಣಿ ಅಲ್ವಾ, ಅದರಲ್ಲೂ ಹೊರಡುವವರು ‘ಯೆತಾಂ’ ಅಂತಲೇ ಹೇಳೋದು. ಘಟ್ಟದ ಮೇಲೂ ಕೆಳಗೂ ಇದೊಂದರಲ್ಲಿ ಜಗಳ ಇಲ್ಲ. ಜರ್ಮನ್ನರ ‘ಔಫ್ ವೀಡರ್‌ಝೇಹೆನ್’ ಕೂಡ ಹೆಚ್ಚುಕಡಿಮೆ ಅದೇ, ಮತ್ತೆ ನೋಡುವ ತನಕ ಅಂತ. ಫೋನಿನಲ್ಲಿ ಮುಖ ಕಾಣೋದಿಲ್ಲ ಅಂತ ‘ವೀಡರ್‌ಹ್ಯೋರೆನ್’ ಮಾಡಿಕೊಂಡಿದ್ದಾರೆ, ಮತ್ತೆ ಕೇಳುವ ತನಕ. ಎಷ್ಟು ಲೆಕ್ಕಾಚಾರದ ಜನ ನೋಡು! ನಿನ್ನ ಬವೇರಿಯಾದ ಮುದುಕರು ‘ಫಿಯಾಟ್ ಡಿ’ ಅನ್ನೋದನ್ನ ಕೇಳಿರ್ತೀಯ, ದೇವರು ನಿನ್ನ ಕಾಯಲಿ ಅಂತ ಅದರ ಮೂಲ. ನಮ್ಮ ಸ್ಟುಟ್‌ಗಾರ್ಟ್ ಕಡೆ ‘ಆಡೆ’ ಅಂತಾರೆ, ಅದರಲ್ಲೂ ಒಬ್ಬ ದೇವರು ಅಡಗಿ ಕೂತಿದ್ದಾನೆ. ಬಿಟ್ಟು ಹೋಗುವ ಹೊತ್ತಿಗೆ ಎಲ್ಲ ಊರಿನವರೂ ಒಂದೋ ದೇವರಿಗೆ ಒಪ್ಪಿಸ್ತಾರೆ, ಇಲ್ಲ ಮತ್ತೆ ಸಿಗ್ತೇವೆ ಅಂತಾರೆ.

ಆದರೆ ‘ಬರ್ತೇನೆ’ ಅನ್ನಬೇಕಾದರೆ ಬರೋದಕ್ಕೆ ಒಂದು ಜಾಗ ಇರಬೇಕು. ಅಜ್ಜಿಮನೆ ಸೀಬರ್ಡ್ ನೌಕಾನೆಲೆಗೆ ಹೋಯ್ತು, ಅಮ್ಮ ಆ ಮಾತು ಬಂದರೆ ಈಗಲೂ ಸುಮ್ಮನಾಗ್ತಾರೆ ಅಂತ ನಡುವೆ ಒಂದು ಸಾಲು ಬರೆದಿದ್ದೀಯ. ನಿನ್ನ ಪತ್ರದಲ್ಲಿ ನನಗೆ ಮುಖ್ಯ ಅನಿಸಿದ್ದು ಆ ಸಾಲೇ. ನಮ್ಮ ಜಿಲ್ಲೆಗೆ ಇದು ಹೊಸದಲ್ಲ. ಕಾಳಿ ನದಿಗೆ ಅಣೆಕಟ್ಟು ಕಟ್ಟಿದಾಗ ಸೂಪಾ ಊರೇ ಮುಳುಗಿತು, ತಾಲ್ಲೂಕಿನ ಕಚೇರಿಗಳು ಜೊಯಿಡಾಕ್ಕೆ ಬಂದವು, ಊರವರಲ್ಲಿ ಎಷ್ಟೋ ಜನ ರಾಮನಗರಕ್ಕೆ ಹೋದರು. ನಿನ್ನ ಅಮ್ಮ ಒಂದು ಸಲ ಬಿಟ್ಟು ಬಂದ ಅಂಗಳಕ್ಕೆ ಮತ್ತೆ ಕಾಲಿಡೋಕೆ ಆಗಲಿಲ್ಲ. ಈಗ ಮಗ ‘ಬರ್ತೇನೆ’ ಅಂದ್ರೆ ಅವರ ಕಿವಿಗೆ ಅದು ಬೇರೆಯೇ ಕೇಳಿಸಬಹುದು. ಹಾಗಾಗಿ ಸುಮ್ನೆ ‘ಅಳಬೇಡಮ್ಮಾ’ ಅನ್ನಬೇಡ.

2007ರಲ್ಲಿ ನಾನು ಶಿರಸಿ ಬಸ್ ಸ್ಟ್ಯಾಂಡಿನಿಂದ ರಾತ್ರಿ ಬಸ್ಸಿಗೆ ಹೊರಟೆ. ಆಯಿ ಮನೆಯಲ್ಲೇ ಕುಂಕುಮ ಇಟ್ಟು ಕಳಿಸಿದ್ದಳು, ಅಲ್ಲಿಗೆ ಬರಲಿಲ್ಲ. ಅಪ್ಪಯ್ಯ ಕಿಟಕಿ ಕೆಳಗೆ ನಿಂತು ಕವಳ ಜಗೀತಿದ್ದ. ಬಾಯಲ್ಲಿ ಕವಳ ಇದ್ದರೆ ಮಾತಾಡಬೇಕಾಗಿಲ್ಲ ಅಲ್ವಾ. ಕಂಡಕ್ಟರ್ ಸೀಟಿ ಊದಿದ. ಅಪ್ಪಯ್ಯ ಆ ಕಡೆ ಓಡಿ ಹೋಗಿ ಉಗಿದು ಬಂದ. ಬಸ್ಸು ಹಿಂದೆ ಬರ್ತಾ ಇತ್ತು, ಅವನೂ ಜೊತೆಗೇ ನಡೀತಾ, ‘ತುಮಕೂರು ದಾಟಿದ ಮೇಲೆ ನಿಲ್ಲಿಸ್ತಾರೆ, ಚಾ ಕುಡಿ’ ಅಂದ. ಅಷ್ಟೇ. ಬಸ್ಸು ತುಮಕೂರು ದಾಟಿದ ಮೇಲೆ ನಿಲ್ಲಲೇ ಇಲ್ಲ. ಆದರೆ ರಾತ್ರಿಯಿಡೀ ಆ ಚಾ ನೆನಪಲ್ಲೇ ಇದ್ದೆ, ಅಳು ಬರಲಿಲ್ಲ.

ಆಮೇಲೆ ನಾನು ಮಾಡಿದ ತಪ್ಪು ಹೇಳ್ತೇನೆ. ಪ್ರತಿ ಸಲ ವಾಪಸು ಬರುವಾಗ ‘ಬೇಗ ಬರ್ತೇನೆ’ ಅಂತಿದ್ದೆ. ಬೇಗ ಅಂದ್ರೆ ಯಾವಾಗ? ಅಪ್ಪಯ್ಯ ಪಂಚಾಂಗದ ಮನುಷ್ಯ. ‘ಜಾತ್ರೆಗೋ?’ ಅಂತ ಕೇಳ್ತಿದ್ದ. ಮಾರಿಕಾಂಬಾ ಜಾತ್ರೆ ಎರಡು ವರ್ಷಕ್ಕೊಮ್ಮೆ ಅಲ್ವಾ, ಶಿರಸಿಯವರ ಲೆಕ್ಕ ಎಲ್ಲ ಅದರ ಮೇಲೆ. ನಾನು ‘ನೋಡೋಣ’ ಅಂತಿದ್ದೆ. 2020ರ ಮಾರ್ಚ್ ಜಾತ್ರೆಗೆ ರಜೆ ಸಿಗಲಿಲ್ಲ, ಮೇ ತಿಂಗಳಿಗೆ ಟಿಕೆಟ್ ಮಾಡಿದೆ. ಜಾತ್ರೆ ಮುಗಿದು ಎರಡು ವಾರ ಆಗುವಷ್ಟರಲ್ಲಿ ವಿಮಾನಗಳೇ ನಿಂತವು. ಜೂನ್‌ನಲ್ಲಿ ಅಪ್ಪಯ್ಯ ಹೋದ. ಎದೆನೋವು ಅಂದನಂತೆ, ಅರ್ಧ ಗಂಟೆ. ನಾನು ಇಲ್ಲಿ ಅಡುಗೆಮನೆಯಲ್ಲಿ ನಿಂತು ಫೋನಿನಲ್ಲಿ ನೋಡಿದೆ.

ಆ ವಾರ ನೂರಾರು ಸಂದೇಶ ಬಂದವು. ‘ಆತ್ಮಕ್ಕೆ ಚಿರಶಾಂತಿ ಸಿಗಲಿ’, ‘ಓಂ ಶಾಂತಿ’, ಕೈಮುಗಿದ ಚಿತ್ರ. ಕಳಿಸಿದವರ ಮೇಲೆ ಸಿಟ್ಟಿಲ್ಲ, ನಾನೂ ಎಷ್ಟೋ ಜನರಿಗೆ ಅದನ್ನೇ ಕಳಿಸಿದ್ದೇನೆ. ಕೆಳಗಿನ ಮನೆಯ ಅಜ್ಜಿ ಬಾಗಿಲಲ್ಲಿ ನಿಂತು ‘ಬೈಲೈಡ್’ ಅಂದರು, ಸಂತಾಪ ಹೇಳುವ ಮಾತು ಅದು. ಕೈಕುಲುಕುವ ಹಾಗಿರಲಿಲ್ಲ ಆಗ, ಎರಡು ಮೀಟರ್ ದೂರ. ಒಂದು ಪಾತ್ರೆ ಸೂಪನ್ನ ಮೆಟ್ಟಿಲ ಮೇಲೆ ಇಟ್ಟು ಇಳಿದು ಹೋದರು. ಅದನ್ನ ಕುಡಿದೆ.

ಆದರೆ ನನಗೆ ನಿಜವಾಗಿ ಸಮಾಧಾನ ಆದದ್ದು ನಮ್ಮ ತೋಟದ ಕೊನೆಗೌಡನ ಮಾತಿನಿಂದ, ಅಡಿಕೆ ಮರ ಹತ್ತಿ ಕೊನೆ ಇಳಿಸುವವನು. ವೈಕುಂಠ ಸಮಾರಾಧನೆ ಮುಗಿದ ಮಾರನೇ ದಿನ ಆಯಿ ಹತ್ತಿರ ಫೋನ್ ಇಸಕೊಂಡು ಮಾತಾಡಿದ. ಅವನಿಗೆ ಫೋನಿನಲ್ಲಿ ಕೂಗೋ ಅಭ್ಯಾಸ. ‘ಅಮ್ಮಾ, ಹೆಗಡೇರು ಮೈಲುತುತ್ತ, ಸುಣ್ಣ ಎಲ್ಲ ತಂದಿಟ್ಟಿದ್ರು. ಮಳೆ ಎರಡು ದಿನ ಬಿಟ್ಟಿತ್ತು. ಕೊಳೆ ಔಷಧಿ ಹೊಡೆದು ಮುಗಿಸಿದೆ. ಒಂದು ಮರವೂ ಬಿಟ್ಟಿಲ್ಲ’ ಅಂದ. ಅಪ್ಪಯ್ಯನ ಬಗ್ಗೆ ಬೇರೆ ಒಂದು ಮಾತೂ ಆಡಲಿಲ್ಲ. ಅಡಿಕೆ ತೋಟ ಇದ್ದವರಿಗೆ ಗೊತ್ತು, ಮಳೆಗಾಲದಲ್ಲಿ ಔಷಧಿ ತಪ್ಪಿದರೆ ಕೊಳೆ ಬಂದು ಕಾಯೆಲ್ಲ ಉದುರ್ತದೆ. ಅಪ್ಪಯ್ಯನ ತಲೆಯಲ್ಲಿ ಕೊನೆಗೆ ಇದ್ದದ್ದು ಅದೇ ಚಿಂತೆ ಇರಬೇಕು. ಅದನ್ನ ಕೊನೆಗೌಡ ಇಳಿಸಿ ಬಂದಿದ್ದ. ಫೋನ್ ಇಟ್ಟು ಆವತ್ತು ನಾನು ಸರಿಯಾಗಿ ಅತ್ತೆ.

ಇದನ್ನೆಲ್ಲ ಯಾಕೆ ಬರೆದೆ ಅಂದ್ರೆ, ನಿನ್ನ ಅಮ್ಮನಿಗೂ ದೊಡ್ಡ ಮಾತು ಬೇಡ. ನಾಳೆಯದ್ದು ಒಂದು ಕೆಲಸ ಬೇಕು. ನನ್ನ ಆಯಿಯ ಫೋನ್ ಹೇಗೆ ಮುಗೀತದೆ ಗೊತ್ತಾ? ‘ಇಡ್ಲಾ ಹಾಗಾದ್ರೆ?’ ‘ಹೂಂ. ಮತ್ತೆಂತ?’ ‘ಮತ್ತೆಂತ ಇಲ್ಲ.’ ‘ಊಟ ಆಯ್ತಾ?’ ‘ಆಗಲೇ ಹೇಳಿದ್ನಲ್ಲ.’ ‘ಹೌದು. ಇಡ್ಲಾ?’ ಹೀಗೆ ಹತ್ತು ನಿಮಿಷ. ಮೊದಲು ನನಗೆ ಸಿಡಿಮಿಡಿ ಆಗ್ತಿತ್ತು, ಮೀಟಿಂಗ್ ಇರ್ತಿತ್ತು. ಈಗ ಆ ‘ಮತ್ತೆಂತ’ ಬಂದ ಕೂಡಲೇ ಏನಾದ್ರೂ ಕೇಳ್ತೇನೆ. ‘ಬಸಳೆ ಚಪ್ಪರಕ್ಕೆ ಹೊಸ ಕೋಲು ಹಾಕ್ಸಿದ್ಯಾ? ನಾಳೆ ನೋಡಿ ಹೇಳು.’ ನಾಳೆ ಹೇಳೋದಕ್ಕೆ ಒಂದು ವಿಷಯ ಸಿಕ್ಕಿತು ಅಂದ್ರೆ ಅವಳೇ ಮೊದಲು ಇಡ್ತಾಳೆ.

ನೀನು ಬಾಂಗಡೆ ಸಾರಿಗೆ ತಿರಫಳ ಎಷ್ಟು ಹಾಕ್ಬೇಕು ಅಂತ ಕೇಳು. (ನನಗೆ ಮೀನಿನ ವಿಷಯ ಒಂದಿಷ್ಟೂ ಗೊತ್ತಿಲ್ಲ, ಕಾರವಾರದ ಗೆಳತಿ ಹೇಳಿದ್ದು.) ಅಲ್ಲಿ ರಾತ್ರಿ ಒಂಬತ್ತಕ್ಕೆ ಅವರು ಫೋನ್ ಮಾಡೋ ಹೊತ್ತಿಗೆ ಚಳಿಗಾಲದಲ್ಲಿ ನಿನಗೆ ನಾಲ್ಕೂವರೆ, ಆಫೀಸಿನಲ್ಲಿರ್ತೀಯ, ಗಡಿಬಿಡಿಯಲ್ಲೇ ಇಡಬೇಕಾಗ್ತದೆ. ಅದೂ ಒಂದು ಕಾರಣ ಇರಬಹುದು. ಅದರ ಬದಲು ಬೆಳಿಗ್ಗೆ ಟ್ರಾಮಿನಲ್ಲಿ ಹೋಗ್ತಾ ನೀನೇ ಮಾಡು. ಅಲ್ಲಿ ಮಧ್ಯಾಹ್ನದ ಊಟದ ತಯಾರಿ, ಅವರ ಕೈಯಲ್ಲಿ ಕೆಲಸ ಇರ್ತದೆ. ಮತ್ತೆ ‘ಬೇಗ ಬರ್ತೇನೆ’ ಅನ್ನಬೇಡ. ತಿಂಗಳು ಹೇಳು. ಟಿಕೆಟ್ ಮಾಡದೆ ತಿಂಗಳನ್ನೂ ಹೇಳಬೇಡ.

ಒಂದು ಶನಿವಾರ ಸ್ಟುಟ್‌ಗಾರ್ಟ್‌ಗೆ ಬಾ, ರೈಲಿನಲ್ಲಿ ಎರಡು ಗಂಟೆ ಚಿಲ್ಲರೆ. ಆಯಿ ಕಳಿಸಿದ ಅಪ್ಪೆಮಿಡಿ ಉಪ್ಪಿನಕಾಯಿ ಇನ್ನೂ ಒಂದು ಭರಣಿ ಇದೆ. ಖಾಲಿ ಬಾಟಲಿ ತಾ, ಮುಚ್ಚಳ ಬಿಗಿ ಇರುವಂಥದ್ದು. ಹೋದ ಸಲ ಒಬ್ಬ ಹುಡುಗ ಮೊಸರಿನ ಡಬ್ಬಿ ತಂದಿದ್ದ, ರೈಲಿನಲ್ಲಿ ಇಡೀ ಚೀಲ ಎಣ್ಣೆ.