ಬಾಂಬರ್ ವಿಮಾನದೊಳಗಿನ ಆ ಮಾತು ಅಸಲಿಯೇ?

ಪ್ರಶ್ನೆ: ಎರಡನೇ ಮಹಾಯುದ್ಧದ ಕಾಲದ ‘ಮೆಂಫಿಸ್ ಬೆಲ್’ ಸಾಕ್ಷ್ಯಚಿತ್ರ ನೋಡಿದೆ. ಇಂಗ್ಲೆಂಡಿನಿಂದ ಹೊರಟ ಅಮೆರಿಕನ್ ಬಾಂಬರ್‌ನಲ್ಲಿ ಸಿಬ್ಬಂದಿಯ ಮಾತು ಅಷ್ಟು ಸ್ಪಷ್ಟವಾಗಿ ಕೇಳುತ್ತದೆ. 1943ರಲ್ಲಿ ಇದು ಹೇಗೆ ಸಾಧ್ಯವಾಯಿತು? ಒಂದೇ ದಾಳಿಯಲ್ಲಿ ಅಷ್ಟೆಲ್ಲ ಶಾಟ್ ಸಿಕ್ಕಿತಾ?

ಉತ್ತರ: ನಿಮ್ಮ ಅನುಮಾನ ಸರಿ. ಮಾತು ಆಮೇಲೆ ಸೇರಿಸಿದ್ದು. ನಿರ್ದೇಶಕ ವಿಲಿಯಂ ವೈಲರ್ ತಂಡ ವಿಮಾನದಲ್ಲಿ ತೆಗೆದದ್ದು 16 ಎಂಎಂ ಕಲರ್ ಫಿಲ್ಮ್, ಅದೂ ಧ್ವನಿಯಿಲ್ಲದೆ. ಬಿ-17 ಎಂಬ ಆ ಬಾಂಬರ್‌ನ ನಾಲ್ಕು ಎಂಜಿನ್‌ಗಳ ಅಬ್ಬರದಲ್ಲಿ ಮೈಕ್ ಇಟ್ಟಿದ್ದರೂ ಏನು ಕೇಳಿಸುತ್ತಿತ್ತು ಹೇಳಿ! ಸಿಬ್ಬಂದಿ ಅಮೆರಿಕಕ್ಕೆ ಮರಳಿದ ಮೇಲೆ ಹಾಲಿವುಡ್‌ನಲ್ಲಿ ಅವರ ಕೈಯಲ್ಲೇ ಮಾತಾಡಿಸಿ ರೆಕಾರ್ಡ್ ಮಾಡಿದರು. ದನಿ ಅವರದೇ, ಗಾಬರಿ ಮಾತ್ರ ನಟನೆ.

ಒಂದೇ ದಾಳಿಯೂ ಅಲ್ಲ. ಜರ್ಮನಿಯ ವಿಲ್ಹೆಲ್ಮ್ಸ್‌ಹಾವೆನ್ ಮೇಲಿನ ದಾಳಿ ಎಂದು ತೋರಿಸುತ್ತಾರೆ, ಆದರೆ ಬೇರೆ ಬೇರೆ ದಿನ, ಬೇರೆ ಬೇರೆ ವಿಮಾನದಿಂದ ತೆಗೆದ ತುಣುಕುಗಳೂ ಅದರಲ್ಲಿ ಸೇರಿವೆ. 25 ದಾಳಿ ಮುಗಿಸಿದ ಮೊದಲ ವಿಮಾನ ಈ ‘ಮೆಂಫಿಸ್ ಬೆಲ್’ ಅನ್ನುವ ಮಾತನ್ನೂ ನಂಬಬೇಡಿ. ‘ಹೆಲ್ಸ್ ಏಂಜೆಲ್ಸ್’ ಎಂಬ ಇನ್ನೊಂದು ಬಿ-17 ಕೆಲವು ದಿನ ಮೊದಲೇ ಮುಗಿಸಿತ್ತು. ಯುದ್ಧ ಇನ್ನೂ ನಡೆಯುತ್ತಿದ್ದಾಗ, 1944ರಲ್ಲಿ, ಜನರ ಹುಮ್ಮಸ್ಸು ಹೆಚ್ಚಿಸಲು ಬಿಡುಗಡೆ ಮಾಡಿದ ಸರ್ಕಾರಿ ಸಿನಿಮಾ ಅಲ್ವಾ, ಅಷ್ಟು ಉಪ್ಪುಖಾರ ಇದ್ದೇ ಇರುತ್ತದೆ.

ಹಾಗಂತ ಇದನ್ನು ಸುಳ್ಳು ಅನ್ನಲು ನನಗೆ ಮನಸ್ಸಿಲ್ಲ. ಚಿತ್ರೀಕರಣ ಎಷ್ಟು ಕಷ್ಟವಿತ್ತು ನೋಡಿ. ಅಷ್ಟು ಎತ್ತರದಲ್ಲಿ ಆಕ್ಸಿಜನ್ ಮಾಸ್ಕ್ ತೆಗೆದರೆ ಪ್ರಜ್ಞೆ ತಪ್ಪುತ್ತದೆ. ಪಕ್ಕದ ಗನ್ನರ್‌ಗಳ ಕಿಟಕಿಗೆ ಗಾಜೂ ಇರಲಿಲ್ಲ. ಕೊರೆಯುವ ಚಳಿಗೆ ಬೆರಳು ಮರಗಟ್ಟುತ್ತಿತ್ತು, ಕ್ಯಾಮೆರಾ ಕೈಕೊಡುತ್ತಿತ್ತು. 40 ವರ್ಷದ ವೈಲರ್ ತಾವೇ ದಾಳಿಗಳಿಗೆ ಹೋಗಿ ಬಂದರು. ಅವರು ಯಹೂದಿ ಬೇರೆ. ನಾಜಿಗಳ ಕೈಗೆ ಸಿಕ್ಕಿದ್ದರೆ ಗತಿ? ಅವರ ತಂಡದ ಹೆರಾಲ್ಡ್ ಟ್ಯಾನೆನ್‌ಬಾಮ್ ಕೂತಿದ್ದ ವಿಮಾನವನ್ನು ಜರ್ಮನ್ನರು ಹೊಡೆದುರುಳಿಸಿದರು. ಅವರು ವಾಪಸ್ ಬರಲಿಲ್ಲ.

ಬಾಂಬರ್ ಒಂದು ತಿರುಗುತ್ತಾ ಕೆಳಗೆ ಬೀಳುವಾಗ ಉಳಿದವರು ಪ್ಯಾರಾಶೂಟ್ ಎಣಿಸುವ ದೃಶ್ಯ ನಿಮಗೆ ನೆನಪಿರಬಹುದು. ಎಣಿಸುವ ಮಾತು ಸ್ಟುಡಿಯೋದ್ದು, ಬೀಳುವ ವಿಮಾನ ನಿಜವಾದದ್ದು.

ವೈಲರ್ ತಂಡ ತೆಗೆದ ಇನ್ನಷ್ಟು ದೃಶ್ಯ ನೋಡಬೇಕಿದ್ದರೆ 2018ರ ‘ದಿ ಕೋಲ್ಡ್ ಬ್ಲೂ’ ಹುಡುಕಿ. ಅದೇ ಫಿಲ್ಮ್ ಶುಚಿಗೊಳಿಸಿ, ಬದುಕುಳಿದ ಹಳೆಯ ಯೋಧರ ಮಾತು ಸೇರಿಸಿದ್ದಾರೆ.