172.8ನ್ನು ಊರಲ್ಲೇ ಬಿಟ್ಟು ಬನ್ನಿ

ಕ್ಯಾಮೆರಾ, ಎಡಿಟಿಂಗ್ ಎರಡೂ ಗೊತ್ತು, ಹೊಸ ದೇಶದಲ್ಲಿ ಸಣ್ಣ ಸಿನಿಮಾಗಳ ಕೆಲಸ ಹಿಡಿಯಲು ಏನೇನು ಬೇಕು ಎಂದು ಕೇಳಿದ್ದೀರಿ. ಬಂದಿಳಿದ ದಿನ ನನ್ನ ಜೇಬಲ್ಲೂ ಇದೇ ಪ್ರಶ್ನೆಗಳ ಚೀಟಿ ಇತ್ತು.

ಏಜೆಂಟ್ ಈಗಲೇ ಬೇಡ. ಕ್ಯಾಮೆರಾ ಬಾಡಿಗೆಗೆ ತನ್ನಿ, ಕೊಳ್ಳಬೇಡಿ. ಶೋರೀಲ್, ಅಂದರೆ ನಿಮ್ಮ ಕೆಲಸದ ಮಾದರಿ ವಿಡಿಯೊ, ತೊಂಬತ್ತು ಸೆಕೆಂಡ್ ಸಾಕು, ಜೊತೆಗೆ ಒಂದು ಪೂರ್ತಿ ದೃಶ್ಯವಿರಲಿ. ವಿಮಾನದಲ್ಲಿ ಬ್ಯಾಟರಿಗಳು ಕೈಚೀಲದಲ್ಲೇ ಇರಬೇಕು. ಒಂದೊಂದೂ 100 ವಾಟ್-ಅವರ್ ಒಳಗಿದ್ದರೆ ತಕರಾರಿಲ್ಲ.

ನೀವು ಕೇಳದೆ ಬಿಟ್ಟಿದ್ದು ಕರೆಂಟಿನ ವಿಷಯ. ನಮ್ಮಲ್ಲಿ ಅದು 50 ಹರ್ಟ್ಸ್, ಅಂದರೆ ಸೆಕೆಂಡಿಗೆ 50 ಸುತ್ತು, ನೀವಿಳಿದಿರುವುದು 60 ಹರ್ಟ್ಸ್ ದೇಶ. ಸುತ್ತಿಗೆ ಎರಡರಂತೆ ಊರಲ್ಲಿ ಟ್ಯೂಬ್‌ಲೈಟ್ ಸೆಕೆಂಡಿಗೆ 100 ಸಲ ಮಿನುಗಿದರೆ ಇಲ್ಲಿ 120 ಸಲ. ಸೆಕೆಂಡಿಗೆ 24 ಫ್ರೇಮ್ ತೆಗೆಯುವಾಗ ಶಟರ್ 172.8 ಡಿಗ್ರಿ ಇಟ್ಟರೆ ಪ್ರತಿ ಫ್ರೇಮಿಗೂ ಬೆಳಕು ಒಳಬರುವುದು 1/50 ಸೆಕೆಂಡ್. ಪ್ರತಿ ಫ್ರೇಮಿಗೂ ಸರಿಯಾಗಿ ಎರಡು ಮಿನುಗು. ಆ ಸಂಖ್ಯೆ ನಮ್ಮ ಬೆರಳಿಗೇ ಅಂಟಿಕೊಂಡಿದೆ. ಇಲ್ಲಿ ಅದನ್ನೇ ಇಟ್ಟರೆ ಫ್ರೇಮಿಗೆ 2.4 ಮಿನುಗು ಬಿದ್ದು ಚಿತ್ರದಲ್ಲಿ ಅಡ್ಡ ಪಟ್ಟೆ ಮೂಡುತ್ತದೆ. ಇಡಬೇಕಾದ್ದು 144 ಡಿಗ್ರಿ, ಅಂದರೆ 1/60.

ಈ ಪಟ್ಟೆ ಕಳ್ಳಪಟ್ಟೆ. ಸೆಕೆಂಡಿಗೆ 23.976 ಫ್ರೇಮಿನಲ್ಲಿ ತೆಗೆದರೆ ಸುಮಾರು ಎಂಟು ಸೆಕೆಂಡಿಗೊಂದು ಸುತ್ತು, ಮೆಲ್ಲಗೆ ಜಾರುತ್ತದೆ. ಐದಿಂಚಿನ ಮಾನಿಟರಿನಲ್ಲಿ ಕಾಣುವುದಿಲ್ಲ. ಎಡಿಟಿಂಗ್ ಟೈಮ್‌ಲೈನಿನಲ್ಲಿ ಕಾಣುವಾಗ ನಟರು ಮನೆ ಸೇರಿರುತ್ತಾರೆ. ಎಡಿಟರೂ ನೀವೇ ಆದ್ದರಿಂದ ಬೈಯಲು ಬೇರೆ ಯಾರೂ ಸಿಗುವುದಿಲ್ಲ! ಮಿನುಗು ತಗ್ಗಿಸುವ ಡೀಫ್ಲಿಕರ್ ಎಫೆಕ್ಟ್ ಹಾಕಿದರೆ ಗೋಡೆಯ ಪಟ್ಟೆ ತಗ್ಗುತ್ತದೆ, ಆದರೆ ಅಲುಗಾಡುವ ಮುಖ ಕಲಸಿದಂತಾಗುತ್ತದೆ. ನನ್ನ ಇಲ್ಲಿನ ಮೊದಲ ಸಿನಿಮಾದ ಅಡುಗೆಮನೆ ದೃಶ್ಯದಲ್ಲಿ ಆ ಪಟ್ಟೆ ಇವತ್ತಿಗೂ ಇದೆ. ಆ ರೀಲನ್ನು ನಾನು ಯಾರಿಗೂ ತೋರಿಸುವುದಿಲ್ಲ.

ಲೊಕೇಶನ್ ನೋಡಲು ಹೋದಾಗಲೇ ಶಟರನ್ನು 1/500ಕ್ಕೆ ಏರಿಸಿ, ಒಂದೊಂದೇ ದೀಪ ಹಚ್ಚಿ ಹತ್ತು ಸೆಕೆಂಡ್ ರೆಕಾರ್ಡ್ ಮಾಡಿ. ಕೆಟ್ಟ ದೀಪ ಆಗಲೇ ಬಣ್ಣ ಬಯಲು ಮಾಡುತ್ತದೆ. ಡಿಮ್ ಮಾಡಿದ ಅಗ್ಗದ ಎಲ್‌ಇಡಿಗೆ ಮಾತ್ರ 144 ಕೂಡ ಮದ್ದಲ್ಲ, ಅದರ ಮಿನುಗು ಕರೆಂಟಿನ ಲೆಕ್ಕಕ್ಕೆ ಬರುವುದೇ ಇಲ್ಲ. ಅಂಥದ್ದನ್ನು ಪೂರ್ತಿ ಉರಿಸಿ, ಬೆಳಕು ಹೆಚ್ಚಾದರೆ ದೂರ ಸರಿಸಿ, ಇಲ್ಲವೇ ಮುಂದೆ ಬಟ್ಟೆ ಕಟ್ಟಿ.

ಸೌಂಡಿನವರ ಹತ್ತಿರ ಫ್ರೇಮಿನ ವೇಗ 24ಓ 23.976ಓ ಎಂದು ಬಾಯಿಬಿಟ್ಟು ಕೇಳಿ, ಬರೆದಿಟ್ಟುಕೊಳ್ಳಿ. ಒಬ್ಬರದು ಅದು, ಇನ್ನೊಬ್ಬರದು ಇದು ಆಗಿ ಎಡಿಟಿಂಗಿನಲ್ಲಿ ವೇಗ ತಪ್ಪಾಗಿ ಹೊಂದಿಸಿದರೆ ಗಂಟೆಗೆ 3.6 ಸೆಕೆಂಡ್ ತುಟಿ ಒಂದು ಕಡೆ, ಮಾತು ಒಂದು ಕಡೆ.