ಕಾನೂನು ಕಟ್ಟೆ: ಜಗಲಿ ಮೇಲೆ ಪೊಲೀಸರು ಕೂರುತ್ತಾರಾ?

ಪ್ರಶ್ನೆ: ನನಗೆ 68 ವರ್ಷ. ಯಜಮಾನರು ತೀರಿಕೊಂಡ ಮೇಲೆ, ನನ್ನ ಹೆಸರಿನಲ್ಲಿದ್ದ ಒಂದೂವರೆ ಎಕರೆ ಅಡಿಕೆ ತೋಟವನ್ನು ಮಗನಿಗೆ ದಾನಪತ್ರ ಮಾಡಿಕೊಟ್ಟೆ. ಈಗ ಮನೆಯನ್ನೂ ಬರೆದುಕೊಡು ಅಂತ ರಾತ್ರಿ ಕುಡಿದು ಬಂದು ನನ್ನ ಕೋಣೆ ಬಾಗಿಲು ಒದೆಯುತ್ತಾನೆ. ಹೋದ ವಾರ ಬಾವಿ ಪಂಪಿನ ಫ್ಯೂಸ್ ಕಿತ್ತುಕೊಂಡು ಹೋದ. ಠಾಣೆಯಲ್ಲಿ 'ಇದು ನಿಮ್ಮ ಮನೆ ವಿಷಯ' ಅಂದರು. ಫೋನ್ ಸಿಗುವುದು ಹಿತ್ತಲ ಹಲಸಿನ ಮರದ ಬುಡದಲ್ಲಿ ಮಾತ್ರ. ಹೈಕೋರ್ಟಿಗೆ ಹೋದರೆ ಪೊಲೀಸ್ ರಕ್ಷಣೆ ಸಿಗುತ್ತದೆ ಅಂತ ತಮ್ಮ ಹೇಳುತ್ತಾನೆ. ನಿಜವಾ?
- ಒಬ್ಬ ತಾಯಿ, ಹೊಸನಗರ ತಾಲೂಕು

ಉತ್ತರ: ನಿಜ, ಆದರೆ ನಿಮ್ಮ ತಮ್ಮ ಅರ್ಧ ಹೇಳಿದ್ದಾರೆ. ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್ ಪೊಲೀಸರಿಗೆ 'ಇವರಿಗೆ ರಕ್ಷಣೆ ಕೊಡಿ' ಅಂತ ಆದೇಶಿಸಬಹುದು. ಹಾಗಂತ ಪೇದೆಯೊಬ್ಬ ಲಾಠಿ ಹಿಡಿದು ನಿಮ್ಮ ಜಗಲಿ ಮೇಲೆ ಕೂರುತ್ತಾನೆ ಅಂದುಕೊಳ್ಳಬೇಡಿ. ಸಾಗರದಲ್ಲಿ ಇಪ್ಪತ್ತೆರಡು ವರ್ಷದಿಂದ ವಕೀಲಿಕೆ ಮಾಡುತ್ತಿದ್ದೇನೆ, ಅಂಥ ಪೇದೆಯನ್ನು ಇನ್ನೂ ನೋಡಿಲ್ಲ. ಆಗುವುದು ಇಷ್ಟು: ನೀವು ಕರೆದಾಗ ಅವರು 'ಮನೆ ವಿಷಯ' ಅಂತ ಜಾರಿಕೊಳ್ಳುವ ಹಾಗಿಲ್ಲ. ಅದೇನು ಕಡಿಮೆಯಲ್ಲ.

ಆದರೆ ಇದಕ್ಕೆ ಸುಮ್ನೆ ಬೆಂಗಳೂರು ಬಸ್ಸು ಯಾಕೆ ಹತ್ತುತ್ತೀರಿ? 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆ ಸೊಸೆಯಂದಿರಿಗೆ ಮಾತ್ರ ಅಂತ ನಮ್ಮ ಕಡೆ ಜಾಸ್ತಿ ಜನ ತಿಳಿದಿದ್ದಾರೆ. ತಾಯಿಯೂ ಮಗನ ಮೇಲೆ ಅರ್ಜಿ ಹಾಕಬಹುದು, ನಿಮ್ಮ ತಾಲೂಕಿನ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲೇ. ಅದರ 19ನೇ ಕಲಂ ಪ್ರಕಾರ ಮಗನಿಗೆ ಮನೆ ಬಿಟ್ಟು ಹೋಗು ಅನ್ನಲೂ, ಹತ್ತಿರದ ಠಾಣೆಗೆ ರಕ್ಷಣೆ ಕೊಡಿ ಅನ್ನಲೂ ಮ್ಯಾಜಿಸ್ಟ್ರೇಟರಿಗೆ ಅಧಿಕಾರವಿದೆ. ರಕ್ಷಣಾ ಆದೇಶ ಮೀರಿದರೆ ಒಂದು ವರ್ಷದವರೆಗೆ ಜೈಲು, 20,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಅರ್ಜಿಗೆ ತಾಲೂಕಿನ ಸಿಡಿಪಿಒ (ಶಿಶು ಅಭಿವೃದ್ಧಿ ಯೋಜನಾಧಿಕಾರಿ) ಕಚೇರಿಯಲ್ಲಿ ಸಹಾಯ ಸಿಗುತ್ತದೆ. ತಾಲೂಕು ಕಾನೂನು ಸೇವಾ ಸಮಿತಿಯಲ್ಲಿ ಹೆಂಗಸರಿಗೆ ವಕೀಲರು ಪುಕ್ಕಟೆ, ಆದಾಯ ಕೇಳುವುದಿಲ್ಲ.

ಆದೇಶ ಸಿಕ್ಕ ಮೇಲೆ ಎಡವುವವರೇ ಜಾಸ್ತಿ. ಸೊರಬದ ಕಡೆಯ ಅಜ್ಜಿಯೊಬ್ಬರು ಆದೇಶವನ್ನು ಸೀರೆ ಮಡಿಕೆಯೊಳಗೆ ಇಟ್ಟು ಟ್ರಂಕಿಗೆ ಬೀಗ ಹಾಕಿದ್ದರು. ಠಾಣೆಯವರಿಗೆ ಅಂಥದ್ದೊಂದು ಇದೆ ಅಂತಲೇ ಗೊತ್ತಿರಲಿಲ್ಲ! ದೃಢೀಕೃತ ನಕಲು ತೆಗೆಸಿ, ನೀವೇ ಠಾಣೆಗೆ ಕೊಟ್ಟು, ಇನ್ನೊಂದು ಪ್ರತಿಗೆ ಮೊಹರು ಹಾಕಿಸಿಕೊಳ್ಳಿ. ಬೀಟ್ ಪೊಲೀಸರ ನಂಬರು ಕೇಳಿ ಗೋಡೆ ಮೇಲೆ ದೊಡ್ಡದಾಗಿ ಬರೆದಿಡಿ. ಮಳೆಗಾಲದಲ್ಲಿ ಧರೆ ಕುಸಿದು ರಸ್ತೆ ಮುಚ್ಚಿದರೆ 112ಕ್ಕೆ ಕರೆದರೂ ಜೀಪು ಬರಲು ಹೊತ್ತಾಗುತ್ತದೆ. ರಾತ್ರಿ ನೀವು ಟಾರ್ಚ್ ಹಿಡಿದು ಹಲಸಿನ ಮರದ ತನಕ ಹೋಗುವುದು ನನಗೇನೂ ಸರಿ ಕಾಣುವುದಿಲ್ಲ. ಪಕ್ಕದ ಮನೆಯವರಿಗೆ ವೈಫೈ ಇದ್ದರೆ, ನಿಮ್ಮ ಲೈಟು ಇಂತಿಷ್ಟು ಸಲ ಹಾಕಿ ಆರಿಸಿದರೆ ಅವರು ಫೋನ್ ಮಾಡಲಿ ಅಂತ ಈಗಲೇ ಮಾತಾಡಿಟ್ಟುಕೊಳ್ಳಿ.

ತೋಟ ವಾಪಸ್ ಬರುತ್ತದಾ ಅಂತ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. 2007ರ ಹಿರಿಯ ನಾಗರಿಕರ ಕಾಯ್ದೆಯ 23ನೇ ಕಲಂ ಅದಕ್ಕೇ ಇರುವುದು. ಅರ್ಜಿ ಸಾಗರದ ಎಸಿ ಸಾಹೇಬರಿಗೆ, ಅಂದರೆ ಉಪವಿಭಾಗಾಧಿಕಾರಿಗೆ. ಆದರೆ ಕೊಡುವಾಗ 'ನನ್ನನ್ನು ನೋಡಿಕೊಳ್ಳಬೇಕು' ಎಂಬ ಷರತ್ತು ಇರಬೇಕು ಅಂತ ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. 2025ರ ಜನವರಿಯಲ್ಲಿ ಮಧ್ಯಪ್ರದೇಶದ ತಾಯಿಯೊಬ್ಬರ ದಾನಪತ್ರ ರದ್ದಾಯಿತು. ಅಲ್ಲಿ ಮಗ ಬೇರೆ ಹಾಳೆಯಲ್ಲಿ ಬರೆದುಕೊಟ್ಟ ವಚನಪತ್ರವನ್ನೂ ಕೋರ್ಟು ಜೊತೆಗೆ ಓದಿತು.

ನೀವು ಕಳಿಸಿದ ದಾನಪತ್ರದ ಜೆರಾಕ್ಸಿನಲ್ಲಿ ಮೂರನೇ ಪುಟವೇ ಇಲ್ಲ. ಅದನ್ನು ಕಳಿಸಿ. ನೋಂದಣಿ ದಿನ ಮಗ ಬೇರೆ ಏನಾದರೂ ಬರೆದುಕೊಟ್ಟಿದ್ದನಾ? ಯಜಮಾನರ ಹಳೇ ಕಾಗದದ ಪೆಟ್ಟಿಗೆಯಲ್ಲಿ ಒಮ್ಮೆ ಹುಡುಕಿ. ಅವನು ಮನೆಯಲ್ಲಿ ಇಲ್ಲದ ಹೊತ್ತು ನೋಡಿಕೊಂಡು.